ಅವಸರವಿಲ್ಲದ ಚರಿತ್ರೆ

ಮೊದಲ ಮಹಾಯುದ್ಧ ಹೇಗೆ ಶುರುವಾಯಿತು ಎಂದರೆ ಹೈಸ್ಕೂಲು ಮುಗಿಸಿದ ಯಾರೇ ಆಗಲಿ ಒಂದೇ ಉಸಿರಿನಲ್ಲಿ ಹೇಳಿಬಿಡುತ್ತಾರೆ: 1914ರ ಜೂನ್ 28ರಂದು ಸರಾಯೆವೊ ನಗರದಲ್ಲಿ ಆಸ್ಟ್ರಿಯಾದ ಯುವರಾಜ ಫ್ರಾನ್ಸ್ ಫರ್ಡಿನಾಂಡನ ಕೊಲೆಯಾಯಿತು, ಅದರಿಂದ ಯುದ್ಧ ಶುರುವಾಯಿತು. ಪರೀಕ್ಷೆಗೆ ಅಷ್ಟು ಸಾಕು. ಅಮೆರಿಕದ ಡ್ಯಾನ್ ಕಾರ್ಲಿನ್ ತಮ್ಮ ಪಾಡ್‌ಕಾಸ್ಟಿನಲ್ಲಿ ಅದೇ ಯುದ್ಧದ ಕಥೆ ಹೇಳಲು ಆರು ಕಂತು ತೆಗೆದುಕೊಂಡರು. ಒಟ್ಟು 20 ತಾಸಿಗೂ ಹೆಚ್ಚು. ಮೊದಲ ಕಂತು ಬಂದದ್ದು 2013ರಲ್ಲಿ, ಕೊನೆಯದು 2015ರಲ್ಲಿ. ತೋರಿಸಲು ನಕ್ಷೆಯಿಲ್ಲ, ಚಿತ್ರವಿಲ್ಲ. ಒಬ್ಬ ಮನುಷ್ಯ ಮೈಕಿನ ಮುಂದೆ ಕೂತು ಮೂರು ತಾಸು, ನಾಲ್ಕು ತಾಸು ಮಾತಾಡುತ್ತಾರೆ. ಮುಂದಿನ ಕಂತು ಯಾವಾಗ ಬರುತ್ತದೆಂದು ಜನ ತಿಂಗಳುಗಟ್ಟಲೆ ಕಾಯುತ್ತಾರೆ.

ಮೂವತ್ತು ಸೆಕೆಂಡಿನ ವಿಡಿಯೊವನ್ನೂ ಪೂರ್ತಿ ನೋಡದೆ ಬೆರಳಿನಿಂದ ಮೇಲೆ ಸರಿಸುವ ಕಾಲ ಇದು. ಇದೇ ಕಾಲದಲ್ಲಿ, ಅದೇ ಫೋನಿನಲ್ಲಿ, ಸತ್ತು ನೂರಾರು ವರ್ಷವಾದವರ ಕಥೆಯನ್ನು ಹೀಗೆ ಗಂಟೆಗಟ್ಟಲೆ ಕೇಳುವವರು ಲಕ್ಷಗಟ್ಟಲೆ ಇದ್ದಾರೆ. ಜನರಿಗೆ ತಾಳ್ಮೆಯೇ ಇಲ್ಲ ಎಂಬ ಗೊಣಗಾಟವನ್ನು ನಾನು ಈಚೆಗೆ ನಂಬುವುದನ್ನು ಬಿಟ್ಟಿದ್ದೇನೆ. ತಾಳ್ಮೆ ಇದೆ. ಅದಕ್ಕೆ ತಕ್ಕ ಕಥೆ ಬೇಕು, ಕಥೆಗೆ ತಕ್ಕಷ್ಟು ಹೊತ್ತು ಬೇಕು.

ಹೊತ್ತು ಸಿಕ್ಕಾಗ ಏನಾಗುತ್ತದೆ ಎಂಬುದಕ್ಕೆ ಸರಾಯೆವೊದ ಆ ಬೆಳಗನ್ನೇ ನೋಡಿ. ಯುವರಾಜನ ಮೇಲೆ ಆ ದಿನ ಮೊದಲು ಬಿದ್ದದ್ದು ಬಾಂಬು. ಅದು ಗುರಿ ತಪ್ಪಿ ಹಿಂದಿನ ಕಾರಿನಲ್ಲಿದ್ದವರಿಗೆ ಗಾಯವಾಯಿತು. ಪುರಭವನದ ಸ್ವಾಗತ ಮುಗಿದ ಮೇಲೆ, ಗಾಯಗೊಂಡವರನ್ನು ಆಸ್ಪತ್ರೆಯಲ್ಲಿ ಮಾತಾಡಿಸಿಕೊಂಡು ಹೋಗಬೇಕೆಂದು ಯುವರಾಜ ಹಟ ಹಿಡಿದ. ಅದಕ್ಕಾಗಿ ಮೆರವಣಿಗೆಯ ದಾರಿ ಬದಲಾಯಿತು. ಆದರೆ ಬದಲಾದ ಸಂಗತಿಯನ್ನು ಚಾಲಕರಿಗೆ ಯಾರೂ ತಿಳಿಸಲಿಲ್ಲ. ಕಾರುಗಳು ಹಳೆಯ ದಾರಿಯಲ್ಲೇ ಬಲಕ್ಕೆ ಹೊರಳಿದವು. ಜೊತೆಗಿದ್ದ ಗವರ್ನರ್ ‘ಇದಲ್ಲ ದಾರಿ’ ಎಂದು ಕೂಗಿದ, ಚಾಲಕ ಬ್ರೇಕ್ ಒತ್ತಿದ, ಕಾರು ನಿಂತಿತು. ಅದು ನಿಂತದ್ದು ಪಿಸ್ತೂಲು ಹಿಡಿದಿದ್ದ 19 ವರ್ಷದ ಗವ್ರಿಲೊ ಪ್ರಿನ್ಸಿಪ್‌ನ ಎದುರಿಗೆ. ಎರಡು ಗುಂಡು ಹಾರಿದವು. ಯುವರಾಜನೂ ಅವನ ಹೆಂಡತಿ ಸೋಫಿಯೂ ಸತ್ತರು.

ಇಷ್ಟಾದರೂ ಯುದ್ಧ ಶುರುವಾಗಲಿಲ್ಲ. ಪಠ್ಯಪುಸ್ತಕದ ವಾಕ್ಯದಲ್ಲಿ ಕೊಲೆಗೂ ಯುದ್ಧಕ್ಕೂ ನಡುವೆ ಇರುವುದು ಒಂದು ಅಲ್ಪವಿರಾಮ. ಆ ಅಲ್ಪವಿರಾಮದೊಳಗೆ 37 ದಿನಗಳಿವೆ. ಜರ್ಮನಿಯ ಕೈಸರ್ ಆ ಜುಲೈಯಲ್ಲಿ ಹಡಗು ಹತ್ತಿ ನಾರ್ವೆಯ ಕಡೆಗೆ ವಿಹಾರಕ್ಕೆ ಹೋದ. ಫ್ರಾನ್ಸಿನ ಅಧ್ಯಕ್ಷ ಪ್ವಾಂಕರೆ ರಷ್ಯಾಕ್ಕೆ ಭೇಟಿ ಕೊಟ್ಟು ಸಮುದ್ರದ ಮೇಲೆ ವಾಪಸು ಬರುತ್ತಿದ್ದರು. ಬ್ರಿಟನ್ನಿನ ಮಂತ್ರಿಮಂಡಲದ ತಲೆಯಲ್ಲಿ ತುಂಬಿಕೊಂಡಿದ್ದದ್ದು ಐರ್ಲೆಂಡಿನ ಗಲಾಟೆ. ಆಸ್ಟ್ರಿಯಾ ಸರ್ಬಿಯಾಕ್ಕೆ ಕೊನೆಯ ಎಚ್ಚರಿಕೆಯ ಪತ್ರ ಕಳಿಸಿದ್ದು ಜುಲೈ 23ರಂದು, ಕೊಲೆಯಾಗಿ ತಿಂಗಳು ತುಂಬುತ್ತಾ ಬಂದಾಗ. ಆಗಸ್ಟ್ 4ರ ಹೊತ್ತಿಗೆ ಬ್ರಿಟನ್ ಕೂಡ ಯುದ್ಧಕ್ಕೆ ಇಳಿದಿತ್ತು. ಈ 37 ದಿನಗಳಲ್ಲಿ ಯಾವುದಾದರೂ ಒಂದು ತಂತಿ ಅರ್ಧ ದಿನ ಮೊದಲು ತಲುಪಿದ್ದರೆ, ಯಾವನಾದರೂ ಒಬ್ಬ ಮಂತ್ರಿ ಇನ್ನೊಂದು ರಾತ್ರಿ ಯೋಚಿಸಿದ್ದರೆ ಎಂದು ಕೇಳುಗನಿಗೆ ಮತ್ತೆ ಮತ್ತೆ ಅನ್ನಿಸುತ್ತದೆ. ಹಾಗೆ ಅನ್ನಿಸಬೇಕಾದರೆ ಆ ದಿನಗಳನ್ನು ಒಂದೊಂದಾಗಿ ದಾಟಬೇಕು. ಎರಡೇ ನಿಮಿಷದಲ್ಲಿ ಹೇಳಿ ಮುಗಿಸಿದವರಿಗೆ ಯುದ್ಧ ಆಗಲೇಬೇಕಾಗಿದ್ದ ಸಂಗತಿಯಂತೆ ಕಾಣುತ್ತದೆ. ಎರಡು ತಾಸು ಕೇಳಿದವರಿಗೆ ಅದು ಮನುಷ್ಯರು ಕೈಯಾರೆ ಮಾಡಿಕೊಂಡದ್ದು ಎಂದು ಗೊತ್ತಾಗುತ್ತದೆ.

ದೀರ್ಘ ಕಥನದ ಸೆಳೆತ ಇರುವುದು ಇಲ್ಲೇ ಎಂದು ನನ್ನ ನಂಬಿಕೆ. ಹೆಚ್ಚು ಮಾಹಿತಿ ಬೇಕೆನ್ನುವವರಿಗೆ ವಿಶ್ವಕೋಶವಿದೆ, ಪುಸ್ತಕವಿದೆ. ಪಾಡ್‌ಕಾಸ್ಟ್ ಕೊಡುವುದು ಬೇರೆ: ನಾಳೆ ಏನಾಗುತ್ತದೆಂದು ಗೊತ್ತಿಲ್ಲದ ಜನರ ಪಕ್ಕದಲ್ಲಿ ನಮ್ಮನ್ನು ಕೂರಿಸುತ್ತದೆ. ಕೊನೆ ನಮಗೆ ಗೊತ್ತು, ಅವರಿಗೆ ಗೊತ್ತಿಲ್ಲ. ಅವರ ಕತ್ತಲೆಯಲ್ಲಿ ನಾವೂ ಸ್ವಲ್ಪ ಹೊತ್ತು ತಡಕಾಡುತ್ತೇವೆ.

ಕಾರ್ಲಿನ್ ಇತಿಹಾಸದ ಪ್ರೊಫೆಸರ್ ಅಲ್ಲ. ಕಾಲೇಜಿನಲ್ಲಿ ಇತಿಹಾಸ ಓದಿ, ಟಿವಿ ವರದಿಗಾರರಾಗಿ, ಆಮೇಲೆ ಆರೆಗನ್ ರಾಜ್ಯದಲ್ಲಿ ರೇಡಿಯೊ ಹರಟೆ ಕಾರ್ಯಕ್ರಮ ನಡೆಸಿದವರು. ‘ನಾನು ಇತಿಹಾಸಕಾರನಲ್ಲ’ ಎಂದು ಕೇಳುಗರಿಗೆ ಪದೇಪದೇ ನೆನಪಿಸುತ್ತಾರೆ. 2006ರಲ್ಲಿ ಅವರು ‘ಹಾರ್ಡ್‌ಕೋರ್ ಹಿಸ್ಟರಿ’ ಶುರುಮಾಡಿದಾಗ ಮೊದಲ ಕಂತುಗಳು ಚಿಕ್ಕವೇ ಆಗಿದ್ದವು. ಬರಬರುತ್ತಾ ಬೆಳೆದವು. ರೋಮ್ ಗಣರಾಜ್ಯದ ಪತನದ ಸರಣಿಯ ಕೊನೆಯ ಕಂತು ಐದು ತಾಸು ಮೀರಿತು. ಚೆಂಗೀಸ್‌ಖಾನ್ ಮತ್ತು ಮಂಗೋಲರ ಬಗ್ಗೆ ಐದು ಕಂತು ಬಂದವು. ಎರಡನೇ ಮಹಾಯುದ್ಧದಲ್ಲಿ ಜಪಾನಿನ ಕಥೆ 2018ರಿಂದ 2021ರವರೆಗೆ ಆರು ಕಂತು ಹರಿಯಿತು. ರೇಡಿಯೊದಲ್ಲಿ ಇದು ಆಗದ ಮಾತು. ಅಲ್ಲಿ ಸುದ್ದಿ ಬರುವ ಹೊತ್ತಿಗೆ ಬಾಯಿ ಮುಚ್ಚಬೇಕು, ಜಾಹೀರಾತಿಗೆ ಜಾಗ ಬಿಡಬೇಕು. ಎಂ.ವಿ. ಗೋಪಾಲಸ್ವಾಮಿಯವರು 1935ರಲ್ಲಿ ಮೈಸೂರಿನಲ್ಲಿ ಆಕಾಶವಾಣಿ ಶುರುಮಾಡಿದಂದಿನಿಂದ ಕನ್ನಡದ ಕಿವಿಗಳಿಗೆ ಎಷ್ಟೋ ಒಳ್ಳೆಯ ಭಾಷಣಗಳು ಬಿದ್ದಿವೆ, ನಿಜ. ಆದರೆ ಹದಿನೈದು ನಿಮಿಷದ ಭಾಷಣಕ್ಕೆ ತಾಳಿಕೋಟೆಯ ಯುದ್ಧವೂ ಒಂದೇ, ತೆಂಗಿನ ಬೆಳೆಯೂ ಒಂದೇ. ವಿಷಯ ಎಷ್ಟು ದೊಡ್ಡದಾದರೂ ಗಡಿಯಾರದ ಅಳತೆಗೆ ಅದನ್ನು ಕತ್ತರಿಸಬೇಕು. ಪಾಡ್‌ಕಾಸ್ಟಿಗೆ ಆ ಗಡಿಯಾರವಿಲ್ಲ.

ಉದ್ದ ಎಂದರೆ ಒಂದೊಂದು ಕಂತೂ ಉದ್ದವಿರಬೇಕು ಎಂದೇನಲ್ಲ. ಮೈಕ್ ಡಂಕನ್ 2007ರಲ್ಲಿ ಶುರುಮಾಡಿದ ‘ದಿ ಹಿಸ್ಟರಿ ಆಫ್ ರೋಮ್’ ನೋಡಿ. ಕಾರ್ಲಿನ್ ಅವರದು ಏರಿಳಿಯುವ, ಗುಡುಗುವ ದನಿ. ಡಂಕನ್ ಅವರದು ಪಕ್ಕದ ಮನೆಯವರು ಕಟ್ಟೆ ಮೇಲೆ ಕೂತು ಮಾತಾಡಿದಂಥ ಸಮಾಧಾನದ ದನಿ. ಅರ್ಧ ತಾಸಿನೊಳಗೆ ಒಂದು ಕಂತು ಮುಗಿಯುತ್ತದೆ. ಆದರೆ ಅಂಥ 179 ಕಂತುಗಳು ಬಂದವು. ರೋಮಿನ ಹುಟ್ಟಿನ ಪುರಾಣದಿಂದ ಹಿಡಿದು, ಕ್ರಿ.ಶ. 476ರಲ್ಲಿ ರೋಮುಲಸ್ ಆಗಸ್ಟುಲಸ್ ಎಂಬ ಹುಡುಗ ದೊರೆಯನ್ನು ಪಟ್ಟದಿಂದ ಇಳಿಸುವವರೆಗೆ ಐದು ವರ್ಷ ಹೇಳಿದರು. 2012ರಲ್ಲಿ ಅವರು ನಿಲ್ಲಿಸಿದ ಜಾಗದಿಂದಲೇ ರಾಬಿನ್ ಪಿಯರ್ಸನ್ ಎಂಬ ಇಂಗ್ಲೆಂಡಿನ ಕೇಳುಗ ‘ದಿ ಹಿಸ್ಟರಿ ಆಫ್ ಬೈಜಾಂಟಿಯಂ’ ಶುರುಮಾಡಿದರು. ಕಥೆ ಕೇಳಿ ಕೇಳಿ ಒಬ್ಬರು ತಾವೇ ಕಥೆಗಾರರಾದರು, ಎಳೆ ಕಡಿಯಲಿಲ್ಲ.

ಡಂಕನ್ ಅವರ ಎರಡನೆಯ ಕೆಲಸ ‘ರೆವಲ್ಯೂಷನ್ಸ್’ ನನಗೆ ಇನ್ನೂ ದೊಡ್ಡದೆನಿಸುತ್ತದೆ. 2013ರಿಂದ 2022ರವರೆಗೆ ಹತ್ತು ಕ್ರಾಂತಿಗಳ ಕಥೆ ಹೇಳಿದರು. ಇಂಗ್ಲೆಂಡಿನ ಅಂತರ್ಯುದ್ಧದಿಂದ ಹೊರಟು ರಷ್ಯಾದ ಕ್ರಾಂತಿಯಲ್ಲಿ ಮುಗಿಸಿದರು. ರಷ್ಯಾ ಒಂದಕ್ಕೇ ನೂರಕ್ಕೂ ಹೆಚ್ಚು ಕಂತು. ಇವುಗಳ ನಡುವೆ ಬರುವ ಹೈಟಿಯ ಕ್ರಾಂತಿಯನ್ನು ಕೇಳದವರು ದಯವಿಟ್ಟು ಕೇಳಬೇಕು. ಕ್ಯಾರಿಬಿಯನ್ ಸಮುದ್ರದ ಆ ನಾಡು ಆಗ ಫ್ರಾನ್ಸಿನ ವಸಾಹತು. ಸಕ್ಕರೆ ಮತ್ತು ಕಾಫಿಯಿಂದ ಪ್ಯಾರಿಸ್ಸಿಗೆ ಹಣದ ಹೊಳೆ ಹರಿಸುತ್ತಿದ್ದ ನೆಲ. ಅಲ್ಲಿ ದುಡಿಸುತ್ತಿದ್ದದ್ದು, ಬಹುಪಾಲು ಆಫ್ರಿಕಾದಿಂದ ಹಿಡಿದು ತಂದ, ಸುಮಾರು ಐದು ಲಕ್ಷ ಗುಲಾಮರನ್ನು. 1791ರ ಆಗಸ್ಟಿನಲ್ಲಿ ಅವರು ದಂಗೆಯೆದ್ದರು. ತೂಸಾಂ ಲೂವೆರ್ತ್ಯೂರ್ ಅವರ ನಾಯಕನಾಗಿ ಮೇಲೆ ಬಂದ. ನೆಪೋಲಿಯನ್ ಕಳಿಸಿದ ಪಡೆ ಅವನನ್ನು ಮೋಸದಿಂದ ಹಿಡಿದು ಫ್ರಾನ್ಸಿಗೆ ಸಾಗಿಸಿತು. 1803ರ ಏಪ್ರಿಲಿನಲ್ಲಿ ಅವನು ಜೂರಾ ಬೆಟ್ಟಗಳ ಚಳಿಯ ಕೋಟೆಯೊಂದರಲ್ಲಿ ತೀರಿಕೊಂಡ. ಅವನು ಸತ್ತರೂ ಹೋರಾಟ ನಿಲ್ಲಲಿಲ್ಲ. 1804ರ ಜನವರಿ 1ರಂದು ಹೈಟಿ ಸ್ವತಂತ್ರವಾಯಿತು.

ಚಿಕ್ಕ ಕಥೆ ಇಲ್ಲಿಗೆ ನಿಲ್ಲುತ್ತದೆ, ಚಪ್ಪಾಳೆಯೂ ಬೀಳುತ್ತದೆ. ಉದ್ದದ ಕಥೆ ಮುಂದೆ ಹೋಗಲೇಬೇಕು. 1825ರಲ್ಲಿ ಫ್ರಾನ್ಸಿನ ದೊರೆ ಹತ್ತನೇ ಚಾರ್ಲ್ಸ್ ಯುದ್ಧನೌಕೆಗಳನ್ನು ಕಳಿಸಿ, ಸ್ವಾತಂತ್ರ್ಯ ಒಪ್ಪಬೇಕಾದರೆ 15 ಕೋಟಿ ಫ್ರಾಂಕ್ ಪರಿಹಾರ ಕೊಡಿ ಎಂದು ಕೇಳಿದ. ಪರಿಹಾರ ಕೇಳಿದ್ದು ಗುಲಾಮರನ್ನು ಕಳಕೊಂಡ ತೋಟದ ಮಾಲೀಕರಿಗಾಗಿ! ತಮ್ಮ ಮೈಯ ಬೆಲೆಯನ್ನು ಬಿಡುಗಡೆಯಾದವರೇ ಕಟ್ಟಬೇಕಾಯಿತು. 1838ರಲ್ಲಿ ಮೊತ್ತ ಇಳಿದರೂ ಅದಕ್ಕಾಗಿ ಮಾಡಿದ ಸಾಲಗಳ ಬಾಲ ಮುಗಿದದ್ದು 1947ರಲ್ಲಿ, ನಮಗೆ ಸ್ವಾತಂತ್ರ್ಯ ಬಂದ ವರ್ಷ. ಹೈಟಿ ಏಕೆ ಬಡದೇಶ ಎಂದು ಯಾರಾದರೂ ಹಗುರವಾಗಿ ಕೇಳಿದಾಗ, ಈ ಕಂತುಗಳನ್ನು ಕೇಳಿದವರಿಗೆ ಕೋಪ ಬರುತ್ತದೆ. ಬರಬೇಕು. ಆ ಕೋಪ ಒಂದು ಸಾಲಿನ ಮಾಹಿತಿಯಿಂದ ಬರುವುದಿಲ್ಲ. ಹತ್ತಾರು ತಾಸು ಆ ಜನರ ಜೊತೆ ನಡೆದವರಿಗೆ ಬರುತ್ತದೆ.

ಕಿವಿಯ ಕಥೆಗೆ ಅದರದೇ ಕಷ್ಟಗಳಿವೆ. ಓದುವವರು ಹೆಸರು ಮರೆತರೆ ಹಿಂದಿನ ಪುಟ ತಿರುವಬಹುದು. ಪಾತ್ರೆ ತೊಳೆಯುತ್ತಲೋ ಬಸ್ಸಿನ ಕಂಬಿ ಹಿಡಿದು ನಿಂತೋ ಕೇಳುತ್ತಿರುವವರು ಹಿಂದಕ್ಕೆ ಹೋಗುವುದಿಲ್ಲ. ಹಾಗಾಗಿ ಬಲ್ಲ ಕಥೆಗಾರರು ಒಂದು ಹೆಸರನ್ನು ಸುಮ್ಮನೆ ಎಸೆಯುವುದಿಲ್ಲ. ಹೆಸರಿನ ಜೊತೆಗೆ ಒಂದು ಗುರುತು ಅಂಟಿಸುತ್ತಾರೆ, ಸ್ವಲ್ಪ ಹೊತ್ತಿನ ಮೇಲೆ ಅದನ್ನೇ ಮತ್ತೆ ಹೇಳುತ್ತಾರೆ. ಎಲ್ಲಿಗೆ ಬಂದೆವು ಎಂದು ಆಗಾಗ ನಿಂತು ತಿರುಗಿ ನೋಡುತ್ತಾರೆ. ಸಂಖ್ಯೆಗಳ ವಿಷಯದಲ್ಲಿ ಇನ್ನೂ ಹುಷಾರು. 1916ರ ಜುಲೈ 1ರಂದು, ಸೊಮ್ ಕದನದ ಮೊದಲ ದಿನ, ಬ್ರಿಟಿಷ್ ಸೇನೆಯ 19,240 ಜನ ಸತ್ತರು. ಬರೀ ಸಂಖ್ಯೆ ಕಿವಿಯಲ್ಲಿ ನಿಲ್ಲುವುದಿಲ್ಲ. ಅದಕ್ಕೆ ಮುಂಚೆ ಅರ್ಧ ತಾಸು ಆ ಸೈನಿಕರ ಕಾಗದಗಳನ್ನು ಕೇಳಿದ್ದರೆ, ಅವರ ಊರು, ಅವರ ಹುಡುಗಾಟ, ಒಂದೇ ಬೀದಿಯ ಗೆಳೆಯರೆಲ್ಲ ಒಟ್ಟಿಗೆ ಸೇನೆ ಸೇರಿದ್ದು ಗೊತ್ತಿದ್ದರೆ, ಆಗ ಆ ಸಂಖ್ಯೆ ಎದೆಗೆ ಬಡಿಯುತ್ತದೆ.

ಇದೆಲ್ಲ ಅಮೆರಿಕದವರು ಕಂಡುಹಿಡಿದ ವಿದ್ಯೆ ಎಂದು ನಾವು ಅಂದುಕೊಳ್ಳಬೇಕಿಲ್ಲ. ಕರಾವಳಿ, ಮಲೆನಾಡಿನ ತಾಳಮದ್ದಳೆಯನ್ನು ನೆನೆಯಿರಿ. ವೇಷವಿಲ್ಲ, ಕುಣಿತವಿಲ್ಲ, ಬಣ್ಣವಿಲ್ಲ. ಭಾಗವತರ ಪದ, ಮದ್ದಳೆ, ಮತ್ತು ಎದುರುಬದುರು ಕೂತ ಅರ್ಥಧಾರಿಗಳ ಮಾತು. ‘ಕೃಷ್ಣ ಸಂಧಾನ’ ಪ್ರಸಂಗಕ್ಕೆ ಬಂದು ಕೂತ ಒಬ್ಬೊಬ್ಬರಿಗೂ ಸಂಧಾನ ಮುರಿದುಬೀಳುತ್ತದೆ, ಕುರುಕ್ಷೇತ್ರ ನಡೆಯುತ್ತದೆ ಎಂದು ಗೊತ್ತು. ಆದರೂ ಬೆಳಗಿನವರೆಗೆ ಕೂರುತ್ತಾರೆ. ಏಕೆಂದರೆ ಕೌರವನ ಅರ್ಥ ಹೇಳುವವರು ಕೌರವನ ಪಾಲಿಗೆ ಇನ್ನೂ ಏನೂ ತೀರ್ಮಾನವಾಗಿಲ್ಲ ಎಂಬಂತೆ ವಾದಿಸುತ್ತಾರೆ. ಶೇಣಿ ಗೋಪಾಲಕೃಷ್ಣ ಭಟ್ಟರು, ದೇರಾಜೆ ಸೀತಾರಾಮಯ್ಯನವರಂಥವರ ಅರ್ಥಗಾರಿಕೆಯನ್ನು ಜನ ಇವತ್ತಿಗೂ ಧ್ವನಿಮುದ್ರಿಕೆ ಹುಡುಕಿ ಕೇಳುವುದು ಈ ಕಾರಣಕ್ಕೇ. 1914ರ ಜುಲೈಯ ರಾಯಭಾರಿಗಳ ಮಾತುಕತೆಯನ್ನು ಕಾರ್ಲಿನ್ ಹೇಳುವಾಗ ಕೇಳುಗರನ್ನು ಹಿಡಿದು ಕೂರಿಸುವ ಶಕ್ತಿಯೂ ಇದೇ.

ಪುರಾಣವಷ್ಟೇ ಏಕೆ, ನೇರ ಇತಿಹಾಸವನ್ನೂ ನಾವು ಕಿವಿಯಿಂದ ಉಳಿಸಿಕೊಂಡಿದ್ದೇವೆ. 1857ರಲ್ಲಿ ಬ್ರಿಟಿಷರು ಆಯುಧ ಒಪ್ಪಿಸಿ ಎಂದು ಕಾಯಿದೆ ತಂದಾಗ, ಮುಧೋಳದ ಹತ್ತಿರದ ಹಲಗಲಿಯ ಬೇಡರು ಒಪ್ಪಲಿಲ್ಲ. ಸೇನೆ ಬಂತು, ಊರು ಸುಟ್ಟಿತು. ಇದನ್ನು ಊರೂರಿಗೆ ಹೊತ್ತು ತಿರುಗಿದ್ದು ಲಾವಣಿ. ಶಾಸನಗಳ ವಿದ್ವಾಂಸ ಜೆ.ಎಫ್. ಫ್ಲೀಟ್, ಬ್ರಿಟಿಷ್ ಅಧಿಕಾರಿಯಾಗಿದ್ದೂ, ಈ ಲಾವಣಿಯನ್ನೂ ಸಂಗೊಳ್ಳಿ ರಾಯಣ್ಣನ ಲಾವಣಿಯನ್ನೂ ಸಂಗ್ರಹಿಸಿ ಅಚ್ಚು ಹಾಕಿಸಿದ. ಸರ್ಕಾರದ ಕಡತದಲ್ಲಿ ‘ದಂಗೆ ಅಡಗಿಸಲಾಯಿತು’ ಎಂದು ಮುಗಿದುಹೋಗುವ ಘಟನೆ ಲಾವಣಿಯಲ್ಲಿ ಮನುಷ್ಯರ ಹೆಸರು ಹಿಡಿದು ಉಳಿಯಿತು.

ಹಾಡಿನ, ದನಿಯ ಈ ಶಕ್ತಿಯೇ ಅಪಾಯವೂ ಹೌದು. ಪುಸ್ತಕದಲ್ಲಿ ಅಡಿಟಿಪ್ಪಣಿ ಇರುತ್ತದೆ. ಕಿವಿಯಲ್ಲಿ ಆತ್ಮೀಯವಾಗಿ ಮಾತಾಡುವ ದನಿಯನ್ನು ಯಾರೂ ಆಧಾರ ಕೇಳುವುದಿಲ್ಲ. ಪ್ರಿನ್ಸಿಪ್ ಅಂದು ಸ್ಯಾಂಡ್‌ವಿಚ್ ಕೊಳ್ಳಲು ಅಂಗಡಿಗೆ ಹೋಗಿದ್ದ, ಹೊರಗೆ ಬಂದಾಗ ಆಕಸ್ಮಿಕವಾಗಿ ಯುವರಾಜನ ಕಾರು ಕಣ್ಣಿಗೆ ಬಿತ್ತು ಎಂಬ ಕಥೆ ಜಗತ್ತಿನ ತುಂಬ ಓಡಾಡುತ್ತಿದೆ. ಕೇಳಲು ಬಹಳ ಚೆನ್ನ. ಆ ಕಾಲದ ಯಾವ ಸಾಕ್ಷ್ಯದಲ್ಲೂ ಅದು ಇಲ್ಲ. ಅವನು ನಿಂತಿದ್ದದ್ದು ಮೊದಲೇ ಪ್ರಕಟವಾಗಿದ್ದ ಮೆರವಣಿಗೆಯ ದಾರಿಯ ಮೂಲೆಯಲ್ಲಿ, ಕೊಲ್ಲುವ ಉದ್ದೇಶದಿಂದಲೇ. ಸ್ಯಾಂಡ್‌ವಿಚ್ಚಿನ ಕಥೆ ಕೊಲೆಗಾರನ ಸಂಕಲ್ಪವನ್ನೇ ಅಳಿಸಿ ಎಲ್ಲವನ್ನೂ ಅದೃಷ್ಟದ ಆಟ ಮಾಡಿಬಿಡುತ್ತದೆ. ಕಥೆಯ ರುಚಿಗಾಗಿ ಇಂಥದನ್ನು ಸೇರಿಸುವವರನ್ನು ನಂಬಬಾರದು. ಹಾಗೆಯೇ, ನಾನು ಮೆಚ್ಚುವ ಕಾರ್ಲಿನ್ ಅವರಲ್ಲೂ ರಕ್ತಪಾತದ ವರ್ಣನೆ ಕೆಲವೊಮ್ಮೆ ಅತಿಯಾಗುತ್ತದೆ. ಹೆಣಗಳ ಮೇಲೆ ಹೆಣ ಬಿದ್ದು ಮನಸ್ಸು ಮರಗಟ್ಟುತ್ತದೆ. ಯುದ್ಧ, ದೊರೆ, ಸೇನಾಪತಿ ಇವರೇ ಇಡೀ ಹೊತ್ತನ್ನು ತಿಂದುಹಾಕಿ, ಅವರಿಗೆ ಅನ್ನ ಬೇಯಿಸಿದವರು, ಅವರ ಕಂದಾಯ ಕಟ್ಟಿದವರು ಹೊರಗೇ ಉಳಿಯುವುದೂ ಉಂಟು. ಇಂಗ್ಲೆಂಡಿನ ಟಾಮ್ ಹಾಲೆಂಡ್ ಮತ್ತು ಡೊಮಿನಿಕ್ ಸ್ಯಾಂಡ್‌ಬ್ರೂಕ್ 2020ರಲ್ಲಿ ಶುರುಮಾಡಿದ ‘ದಿ ರೆಸ್ಟ್ ಈಸ್ ಹಿಸ್ಟರಿ’ ಇಬ್ಬರ ಸಂಭಾಷಣೆಯಾದ್ದರಿಂದ ಅಲ್ಲಿ ಒಬ್ಬರ ಮಾತನ್ನು ಇನ್ನೊಬ್ಬರು ತಡೆದು ಕೇಳಬಹುದು. ಅದೊಂದು ಒಳ್ಳೆಯ ಏರ್ಪಾಡು. ಒಬ್ಬರೇ ಮಾತಾಡುವ ಕಡೆ ಆ ತಡೆಯನ್ನು ಕಥೆಗಾರರೇ ತಮ್ಮೊಳಗೆ ಇಟ್ಟುಕೊಳ್ಳಬೇಕು: ಇದಕ್ಕೆ ಸಾಕ್ಷಿ ಇಷ್ಟೇ, ಈ ಮಾತು ಸೋತವರ ಶತ್ರು ಬರೆದದ್ದು, ಇಲ್ಲಿಂದ ಮುಂದೆ ಊಹೆ ಎಂದು ಬಾಯಿಬಿಟ್ಟು ಹೇಳಬೇಕು.

ಪಾಲ್ ಕೂಪರ್ 2019ರಲ್ಲಿ ಶುರುಮಾಡಿದ ‘ಫಾಲ್ ಆಫ್ ಸಿವಿಲೈಸೇಷನ್ಸ್’ ಈ ಲೆಕ್ಕದಲ್ಲಿ ನನಗೆ ಪ್ರಿಯವಾದದ್ದು. ಒಂದೊಂದು ಕಂತೂ ಒಂದು ನಾಗರಿಕತೆಯ ಏಳುಬೀಳು. ಹಳೆಯ ಬರಹಗಳನ್ನು ನಟರು ಓದುತ್ತಾರೆ, ನಡುವೆ ಕೂಪರ್ ಅವರ ತಣ್ಣನೆಯ ದನಿ. ಸುಮೇರಿಯಾ, ಅಸ್ಸೀರಿಯಾ, ಕಾರ್ಥೇಜ್‌ಗಳ ಸಾಲಿನಲ್ಲಿ ವಿಜಯನಗರಕ್ಕೂ ಒಂದು ಕಂತು ಇದೆ. 1443ರಲ್ಲಿ ಎರಡನೇ ದೇವರಾಯನ ಆಸ್ಥಾನಕ್ಕೆ ಬಂದ ಅಬ್ದುಲ್ ರಜಾಕ್, ಕೃಷ್ಣದೇವರಾಯನ ಕಾಲದ ಡೊಮಿಂಗೊ ಪಾಯೆಸ್, ಆಮೇಲಿನ ನೂನಿಜ್, 1900ರಲ್ಲಿ ಆ ಪೋರ್ಚುಗೀಸ್ ಬರಹಗಳನ್ನು ಇಂಗ್ಲಿಷಿಗೆ ತಂದ ರಾಬರ್ಟ್ ಸೆವೆಲ್, ಇವರೆಲ್ಲರ ಬೆನ್ನು ಹತ್ತಿದರೆ 1565ರ ರಕ್ಕಸ ತಂಗಡಿಯ ಯುದ್ಧದವರೆಗೂ ಒಂದು ಅಖಂಡ ಕಥೆ ಸಿಗುತ್ತದೆ. ಹಂಪಿಯ ಬಜಾರು ಹೇಗಿತ್ತೆಂದು ಕ್ಯಾಲಿಫೋರ್ನಿಯಾದಲ್ಲಿ ಕಾರು ಓಡಿಸುವ ಒಬ್ಬರು ಇವತ್ತು ಕೇಳಿ ತಿಳಿದಿರುತ್ತಾರೆ. ನಮ್ಮಲ್ಲೇ ಅನಿರುದ್ಧ ಕನಿಸೆಟ್ಟಿ ಮೊದಲು ಪಾಡ್‌ಕಾಸ್ಟಿನಲ್ಲಿ ಭಾರತದ ಹಳೆಯ ಕಥೆಗಳನ್ನು ಹೇಳಿ, 2022ರಲ್ಲಿ ಬಾದಾಮಿಯ ಚಾಲುಕ್ಯರು, ರಾಷ್ಟ್ರಕೂಟರ ಬಗ್ಗೆ ದೊಡ್ಡ ಪುಸ್ತಕವನ್ನೇ ತಂದರು. ಎರಡೂ ಇಂಗ್ಲಿಷಿನಲ್ಲಿ.

ಕನ್ನಡದಲ್ಲಿ ಪಾಡ್‌ಕಾಸ್ಟುಗಳಿಲ್ಲವೆಂದಲ್ಲ. ‘ತಲೆ-ಹರಟೆ’ಯಂಥವು ಗಂಭೀರ ವಿಷಯಗಳನ್ನು ಕನ್ನಡದಲ್ಲಿ ಹೊತ್ತು ಕೊಟ್ಟು ಮಾತಾಡಬಹುದು ಎಂದು ತೋರಿಸಿಕೊಟ್ಟಿವೆ. ಆದರೆ ಒಂದೇ ಕಥೆಯನ್ನು ಹಿಡಿದು, ಶಾಸನ, ಕಾವ್ಯ, ಪ್ರವಾಸಿಗರ ಬರಹ ಎಲ್ಲವನ್ನೂ ಎದುರಿಗಿಟ್ಟುಕೊಂಡು, ಕಂತು ಕಂತಾಗಿ ವರ್ಷಗಟ್ಟಲೆ ಹೇಳುವ ಕೆಲಸ ನಮ್ಮಲ್ಲಿ ಇನ್ನೂ ಆಗಬೇಕಾದಷ್ಟು ಆಗಿಲ್ಲ. ಸಾಮಗ್ರಿಗೆ ಬರವಿದೆಯೇ? ಬೆಂಗಳೂರಿನ ಜೆ.ಸಿ. ನಗರದಲ್ಲಿ ಮೈಸೂರು ಲ್ಯಾನ್ಸರ್ಸ್ ದಳದ ಸ್ಮಾರಕವಿದೆ. ಮೈಸೂರು ಸಂಸ್ಥಾನದ ಆ ಕುದುರೆ ಸವಾರರು 1918ರ ಸೆಪ್ಟೆಂಬರ್ 23ರಂದು, ಜೋಧಪುರದವರ ಜೊತೆ ಸೇರಿ, ಹೈಫಾ ಪಟ್ಟಣವನ್ನು ಗೆದ್ದವರು. ಫಿರಂಗಿಗಳಿದ್ದ ಕಾರ್ಮೆಲ್ ಬೆಟ್ಟದ ಇಳಿಜಾರನ್ನು ಕುದುರೆಯ ಮೇಲೆ ಹತ್ತಿದವರು. ದೆಹಲಿಯ ತೀನ್‌ಮೂರ್ತಿ ಚೌಕದ ಮೂರು ಪ್ರತಿಮೆಗಳಲ್ಲಿ ಒಂದು ಮೈಸೂರಿನವರದು. ಕಾರ್ಲಿನ್ 20 ತಾಸು ಹೇಳಿದ ಯುದ್ಧ ನಮ್ಮ ಬೀದಿಯಲ್ಲೂ ಕಲ್ಲಾಗಿ ನಿಂತಿದೆ.

ಅಥವಾ ಇನ್ನೂ ಹಿಂದಕ್ಕೆ ಹೋಗಿ. ಮಂಡ್ಯ ಜಿಲ್ಲೆ ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿ ಸಿಕ್ಕಿದ ಒಂದು ಕಲ್ಲಿನ ಕಥೆಯನ್ನು ಯಾರಾದರೂ ನಿಧಾನವಾಗಿ ಹೇಳುವುದನ್ನು ಕೇಳಬೇಕೆಂದು ನನಗೆ ಬಹಳ ಆಸೆ. ಕಲ್ಲಿನ ಮೇಲೆ ಒಂದು ನಾಯಿ ಒಂದು ಹಂದಿಯ ಮೇಲೆ ಎರಗಿರುವ ಚಿತ್ರವಿದೆ. ನಾಯಿಯ ಹೆಸರು ಕಾಳಿ. ಅದು ಗಂಗರ ದೊರೆ ಬೂತುಗನದು. ಬೂತುಗನ ಬಂಟ ಮಣಲೆರ ಯುದ್ಧದಲ್ಲಿ ಪರಾಕ್ರಮ ತೋರಿದಾಗ ದೊರೆ ಮೆಚ್ಚಿ, ಬೇಕಾದ್ದು ಕೇಳು ಎಂದ. ಮಣಲೆರ ಊರು ಕೇಳಲಿಲ್ಲ, ಹೊನ್ನು ಕೇಳಲಿಲ್ಲ, ಆ ನಾಯಿಯನ್ನು ಕೇಳಿದ. ಆಮೇಲೆ ಒಂದು ದಿನ ಬೆಳತೂರಿನ ಪಶ್ಚಿಮದ ಬೆಟ್ಟದಲ್ಲಿ ದೊಡ್ಡ ಕಾಡುಹಂದಿಯೊಂದರ ಮೇಲೆ ಕಾಳಿಯನ್ನು ಬಿಟ್ಟರು. ನಾಯಿ, ಹಂದಿ ಎರಡೂ ಸತ್ತವು. ನಾಯಿಯ ನೆನಪಿಗೆ ಮಣಲೆರ ದೇವಸ್ಥಾನದ ಎದುರು ಕಲ್ಲು ನಿಲ್ಲಿಸಿ, ಅದರ ಪೂಜೆಗೆ ಭೂಮಿ ಬಿಟ್ಟ; ಪೂಜೆ ಮಾಡದೆ ಊಟ ಮಾಡಿದ ದೇವಸ್ಥಾನದ ಪೂಜಾರಿ ಗೊರವನಿಗೆ ನಾಯಿಯ ಪಾಪ ತಟ್ಟುತ್ತದೆ ಎಂದೂ ಬರೆಸಿದ.

ಮಣಲೆರ ಪರಾಕ್ರಮ ತೋರಿದ ಆ ಯುದ್ಧ ಯಾವುದು? ಈಗಿನ ತಮಿಳುನಾಡಿನ ಅರಕ್ಕೋಣಂ ಬಳಿಯ ತಕ್ಕೋಲಂನಲ್ಲಿ ಕ್ರಿ.ಶ. 949ರಲ್ಲಿ ನಡೆದದ್ದು. ಮಳಖೇಡದ ರಾಷ್ಟ್ರಕೂಟ ದೊರೆ ಮೂರನೇ ಕೃಷ್ಣ ಒಂದು ಕಡೆ, ಅವನ ಬೆನ್ನಿಗೆ ಭಾವನೆಂಟ ಬೂತುಗ. ಎದುರಿಗೆ ಚೋಳರ ಯುವರಾಜ ರಾಜಾದಿತ್ಯ, ಆನೆಯ ಮೇಲೆ. ರಾಜಾದಿತ್ಯ ಆ ದಿನ ಆನೆಯ ಮೇಲೆಯೇ ಸತ್ತ. ಕೊಂದವನು ಬೂತುಗ ಎನ್ನುತ್ತದೆ ಆತಕೂರಿನ ಕಲ್ಲು. ಕೃಷ್ಣನ ಬಾಣಗಳಿಂದ ಸತ್ತ ಎನ್ನುತ್ತವೆ ಚೋಳರ ತಾಮ್ರಪಟಗಳು. ಎರಡು ಕಡೆಯ ಮಾತನ್ನೂ ಕೇಳುಗರ ಮುಂದಿಟ್ಟು, ಯಾರಿಗೆ ಹೀಗೆ ಹೇಳುವುದರಿಂದ ಏನು ಲಾಭವಿತ್ತು ಎಂದು ಬಿಡಿಸುವುದಕ್ಕೇ ಮುಕ್ಕಾಲು ತಾಸು ಬೇಕು. ಆಮೇಲೆ ಮುಂದಿನ ಕಂತು: ಗೆದ್ದವರ ಗತಿ. ಕಾಲು ಶತಮಾನ ಕಳೆಯುವುದರೊಳಗೆ ಮಾಳವದ ಪರಮಾರರು ಮಳಖೇಡವನ್ನು ಲೂಟಿ ಮಾಡಿದರು, ಚಾಲುಕ್ಯ ವಂಶದ ತೈಲಪ ರಾಷ್ಟ್ರಕೂಟರ ಪಟ್ಟವನ್ನೇ ಕಿತ್ತುಕೊಂಡ. ಸೋತ ಚೋಳರು ರಾಜರಾಜನ ಕಾಲಕ್ಕೆ ಮತ್ತೆ ಎದ್ದರು. ಸುಮಾರು 1004ರಲ್ಲಿ ಗಂಗರ ತಲಕಾಡು ಚೋಳರ ಕೈಸೇರಿತು. ತಕ್ಕೋಲಂನಲ್ಲಿ ಗೆದ್ದವರ ಮೊಮ್ಮಕ್ಕಳ ಕಾಲದಲ್ಲಿ ಗೆಲುವಿನ ಗುರುತಾಗಿ ಉಳಿದದ್ದು ಒಂದು ನಾಯಿಯ ಕಲ್ಲು. ಈ ಕಥೆಯಲ್ಲಿ ದೊರೆಗಳಿದ್ದಾರೆ, ಯುದ್ಧವಿದೆ. ಬಂಟನ ಪ್ರೀತಿಯಿದೆ, ಗೊರವನ ಊಟವಿದೆ, ಬೇಟೆಯ ಕಾಡಿದೆ. ಐವತ್ತೈದು ವರ್ಷಗಳ ಏಳುಬೀಳನ್ನು ಒಂದು ನಾಯಿಯಿಂದ ಶುರುಮಾಡಬಹುದು.

ಶಾಸನ ಓದಬಲ್ಲ ಮೇಷ್ಟ್ರುಗಳು ನಮ್ಮ ವಿಶ್ವವಿದ್ಯಾಲಯಗಳಲ್ಲಿ ಇದ್ದಾರೆ, ನಿವೃತ್ತರಾಗಿ ಮನೆಯಲ್ಲೂ ಇದ್ದಾರೆ. ಮಾತಿನಲ್ಲಿ ಇಡೀ ರಾತ್ರಿಯನ್ನು ಹಿಡಿದಿಡಬಲ್ಲ ಅರ್ಥಧಾರಿಗಳಿದ್ದಾರೆ, ಹರಿಕಥೆಯ ದಾಸರಿದ್ದಾರೆ. ಒಳ್ಳೆಯ ಮೈಕಿನ ಬೆಲೆ ಒಂದು ಸಾಧಾರಣ ಫೋನಿಗಿಂತ ಹೆಚ್ಚಿಲ್ಲ. ಈ ಕೆಲಸಕ್ಕೆ ಮನಸ್ಸು ಮಾಡುವ ಹುಡುಗ ಹುಡುಗಿಯರು ಯಾರಾದರೂ ಇದನ್ನು ಓದುತ್ತಿದ್ದರೆ ನನ್ನದೊಂದು ಕೋರಿಕೆ. ಬೆಂಗಳೂರಿನ ಕಸ್ತೂರಬಾ ರಸ್ತೆಯ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿ ಆತಕೂರಿನ ಆ ಕಲ್ಲು ಇದೆ. ಮೊದಲು ಹೋಗಿ ಅದನ್ನು ನೋಡಿ. ಶಾಸನ ಬಲ್ಲವರನ್ನು ಕರೆದುಕೊಂಡು ಹೋಗಿ, ಸಾಲು ಸಾಲಾಗಿ ಓದಿಸಿಕೊಳ್ಳಿ. ಆಮೇಲೆ ಬಂದು ಹೇಳಿ. ಜನ ಇಷ್ಟು ಹೊತ್ತು ಕೇಳುತ್ತಾರೋ ಇಲ್ಲವೋ ಎಂದು ಹೆದರಿ ಹತ್ತು ನಿಮಿಷಕ್ಕೆ ಇಳಿಸಬೇಡಿ. ಎರಡು ತಾಸು ತೆಗೆದುಕೊಳ್ಳಿ, ಬೇಕಾದರೆ ಮೂರು. ಕೇಳಲು ನಾವಿದ್ದೇವೆ.